ಕಾಳಾಚಾರಿ ಕುಡ್ಲು
ಕಿಕ್ಕೇರಿಯ ಕುಲುಮೆಯಲ್ಲಿ ಗಂಡ ಕಾಳಾಚಾರಿ ಇಕ್ಕಳದಲ್ಲಿ ಕಾದ ಕಬ್ಬಿಣ ಹಿಡಿದರೆ, ಎದುರು ನಿಂತು ಸಮ್ಮಟಿಗೆ ಬೀಸುತ್ತಿದ್ದವಳು ಗಾಯತ್ರಮ್ಮ. ಅವಳ ಏಟಿಗೆ ಬಸ್‌ಸ್ಟ್ಯಾಂಡಿನ ಟೀ ಲೋಟಗಳೂ ಅದುರುತ್ತವೆ ಎಂದು ಜನ ನಗುತ್ತಿದ್ದರು. ಮಣಿಯದ ಕಬ್ಬಿಣವನ್ನು ಅವಳು "ಬಗ್ಗು ಕಣ್ಲಾ, ಸಾಕು ಮೊಂಡಾಟ" ಎಂದು ಮಗನಿಗೆ ಗದರುವಂತೆ ಗದರುವಳು. ಹೆರಿಗೆಯಾದ ಇಪ್ಪತ್ತನೇ ದಿನಕ್ಕೇ ಕೂಸನ್ನು ಮೂಲೆಯ ತೊಟ್ಟಿಲಲ್ಲಿ ಮಲಗಿಸಿ ಕೆಲಸಕ್ಕೆ ನಿಂತವಳು. ಸುತ್ತಲ ಊರುಗಳ ಗದ್ದೆಯೆಲ್ಲ ಕೊಯ್ದದ್ದು ಅಲ್ಲಿನ ಕುಡುಗೋಲುಗಳೇ. ಜನ ಅವನ್ನು ಕರೆದದ್ದು ಮಾತ್ರ 'ಕಾಳಾಚಾರಿ ಕುಡ್ಲು' ಎಂದು. ಆಚಾರಿ ತೀರಿಕೊಂಡ ತಿಂಗಳಿಗೆ ಅವಳೊಬ್ಬಳೇ ಕುಲುಮೆಗೆ ಬೆಂಕಿ ಹಾಕಿದಳು. ಮೊಂಡಾದ ಕುಡುಗೋಲು ಹಿಡಿದು ಬಂದ ಹಳೆಯ ಗಿರಾಕಿ ಚಲುವರಾಜು ಬಾಗಿಲಲ್ಲೇ ನಿಂತ. "ಆಚಾರ್ರೇ ಇಲ್ವಲ್ಲಮ್ಮ, ಇನ್ಯಾರು ತಟ್ಕೊಡ್ತಾರೆ?" ಎಂದು ನಿಟ್ಟುಸಿರಿಟ್ಟು ಹಿಂದಿರುಗಿದ. "ನಲವತ್ತು ವರ್ಸ ನಿನ್ ಕಣ್ಣೆದುರ್ಗೇ ನಿಂತಿದ್ನಲ್ಲಪ್ಪ, ನಾನು ಕಾಣ್ಲೇ ಇಲ್ವಾ?" ಎನ್ನುತ್ತ ಅವಳು ಬಾಗಿಲಿಗೆ ಬಂದಳು. ಅವನು ಆಗಲೇ ರಸ್ತೆ ದಾಟಿದ್ದ.