ಎಲ್ಲುಂಡಿಗೆ ಹೋಗುವ ಬೀರು

ಮಾವಿನಕಾಯಿಯನ್ನು ಹುಲ್ಲಿನಲ್ಲಿಟ್ಟು, ಹಣ್ಣಾಗುವ ತನಕ ಕಾಯುವಷ್ಟು ಪುರುಸೊತ್ತು ಜನರಿಗಿದ್ದ ಕಾಲ ಅದು. ನನಗೆ ಏಳು ವರ್ಷ. ಬೇಸಿಗೆ ರಜ ಶುರುವಾದ ವಾರದಲ್ಲೇ ಅಮ್ಮನನ್ನು ಕೋಲಾರದ ಆಸ್ಪತ್ರೆಗೆ ಸೇರಿಸಿದರು. ಅಪ್ಪ ನನ್ನನ್ನು ಮಾಲೂರಿಂದ ಕರಕೊಂಡು ಬಂದು, ರಾಯಲ್ಪಾಡಿನ ಅಮ್ಮನ ತವರಿನಲ್ಲಿ ಬಿಟ್ಟು, ಒಂದು ಲೋಟ ನೀರೂ ಕುಡಿಯದೆ ಅದೇ ಬಸ್ಸಿಗೆ ವಾಪಸ್ ಹೋದರು.

ಆ ಮನೆಯಲ್ಲಿ ಮಾತೆಲ್ಲ ತೆಲುಗು. ಅಜ್ಜಿಗೆ ಅಲ್ಲಿ ಅವ್ವ ಅನ್ನಬೇಕು. ನನಗೋ ಕನ್ನಡ ಬಿಟ್ಟರೆ ಬೇರೇನೂ ಬಾರದು. ಬಂದ ಸಂಜೆ, ಅಮ್ಮ ಯಾವಾಗ ಬರ್ತಾಳೆ ಅಂತ ಅಳುತ್ತಾ ಕೇಳಿದರೆ, ಅವ್ವ ಸೆರಗಿನಲ್ಲಿ ನನ್ನ ಮೂಗು ಒರೆಸಿ "ಎಲ್ಲುಂಡಿ" ಅಂದರು. ಎಲ್ಲಿ ಉಂಡೆ ಅಂತ ಕೇಳ್ತಿದ್ದಾರೆ ಅಂದುಕೊಂಡು "ಅಡುಗೆಮನೇಲಿ" ಅಂದೆ. ಮನೆಯವರೆಲ್ಲ ಹೊಟ್ಟೆ ಹಿಡಕೊಂಡು ನಕ್ಕರು. ನನಗೆ ಮೈಯೆಲ್ಲ ಉರಿದುಹೋಯಿತು. ಅಮ್ಮನ ವಿಷಯ ಕೇಳಿದರೆ ಊಟದ ಮಾತೆತ್ತಿ ನಗ್ತಾರಲ್ಲ, ಎಂಥ ಜನ ಇವರು ಅಂತ.

ಮಾವನ ಮಗಳು ರಜನಿ ನನಗಿಂತ ಎರಡು ವರ್ಷ ದೊಡ್ಡವಳು, ಎರಡೂ ಭಾಷೆ ಬಲ್ಲವಳು. ಎಲ್ಲುಂಡಿ ಅಂದ್ರೆ ನಾಡಿದ್ದು ಕಣೇ, ಅಂತ ಅವಳೇ ಬಿಡಿಸಿ ಹೇಳಿದಳು. ಎರಡೇ ದಿನ ತಾನೆ, ಕಾದೆ. ಎರಡು ದಿನ ಕಳೆದ ಮೇಲೆ ಕೇಳಿದರೆ ಅವ್ವ ಮತ್ತೆ ಎಲ್ಲುಂಡಿ ಅಂದರು. ಅದು ಕಳೆದರೂ ಎಲ್ಲುಂಡಿಯೇ. ಬೆಳಗ್ಗೆ ಎದ್ದರೆ ಅದೇ ತೋಟ, ಅದೇ ಮುದ್ದೆ, ಸುತ್ತ ತಿಳಿಯದ ಮಾತು. ಬಸ್ಸು ನಿಲ್ಲುವ ಜಾಗ ನನಗೆ ಗೊತ್ತಿತ್ತು. ಆದರೆ ಬೇಲಿ ದಾಟಿದರೆ ಸಾಕು, ಯಾರಾದರೊಬ್ಬರು ರಟ್ಟೆ ಹಿಡಿದು ವಾಪಸ್ ತಂದು ಬಿಡುತ್ತಿದ್ದರು.

ನನ್ನ ಗೋಳು ನೋಡಲಾರದೆ ರಜನಿ ಗಿರಗಟ್ಲೆಪುರ ಅಂತ ಒಂದು ರಾಜ್ಯ ಕಟ್ಟಿದಳು. ಆ ರಾಜ್ಯದಲ್ಲಿ ಸೂರ್ಯ ತಾನಾಗಿ ಹುಟ್ಟುವುದಿಲ್ಲ, ರಾಣಿ ಯಂತ್ರದ ಹಿಡಿ ತಿರುಗಿಸಬೇಕು. ಮುಂದಕ್ಕೆ ತಿರುಗಿಸಿದರೆ ನಾಳೆ, ಹಿಂದಕ್ಕೆ ತಿರುಗಿಸಿದರೆ ನಿನ್ನೆ. ಏಟು ತಿಂದಿದ್ದರೆ ನಿನ್ನೆಗೆ ಹೋಗಿ, ಏಟು ಬೀಳದ ಹಾಗೆ ಮಾಡಿಕೊಂಡು ಬರಬಹುದು. ರಾಣಿ ಯಾರು ಅಂತ ಬೇರೆ ಹೇಳಬೇಕಾಗಿಲ್ಲ.

ಯಂತ್ರ ಅಂದರೆ ತೋಟದ ಶೆಡ್ಡಿನಲ್ಲಿದ್ದ ಹಳೇ ಕಬ್ಬಿಣದ ಬೀರು. ಅವ್ವ ಅದರಲ್ಲಿ ಹುಲ್ಲು ಹಾಸಿ ಬಾದಾಮಿ ಮಾವಿನಕಾಯಿ ಹಣ್ಣಿಗೆ ಇಡುತ್ತಿದ್ದರು. ಅದೇ ರಜನಿಗೆ ಸಾಕ್ಷಿ. ಮರದಲ್ಲೇ ಬಿಟ್ಟರೆ ಹದಿನೈದು ದಿನ ಬೇಕು, ಬೀರುವಿನಲ್ಲಿಟ್ಟರೆ ನಾಲ್ಕೇ ದಿನಕ್ಕೆ ಹಣ್ಣು. ಅಂದಮೇಲೆ ಒಳಗಡೆ ದಿನ ಬೇಗ ಓಡುತ್ತೆ ಅಂತ ತಾನೆ? ಈ ವಾದದಲ್ಲಿ ತಪ್ಪೆಲ್ಲಿದೆ ಅಂತ ನನಗೆ ಆಗ ಹೊಳೆಯಲಿಲ್ಲ. ನಿಜ ಹೇಳಬೇಕೆಂದರೆ, ಈಗಲೂ ಪೂರ್ತಿ ಹೊಳೆದಿಲ್ಲ.

ನನ್ನನ್ನು ಎಲ್ಲುಂಡಿಗೆ ಕಳಿಸು ಅಂದೆ. ಕಾಯಿಗಳನ್ನು ಪಕ್ಕಕ್ಕೆ ಸರಿಸಿ, ಮಂಡಿ ಮಡಿಸಿಕೊಂಡು ಕೂತೆ. ಬಾಗಿಲು ಮುಚ್ಚಿತು. ಬಿಸಿ ಹುಲ್ಲಿನ, ಮಾವಿನ ಸೊನೆಯ ವಾಸನೆ ಗಂಟಲಿಗೆ ಬಂತು. ರಜನಿ ಒಂದು ಅಂದಳು, ಎರಡು ಅಂದಳು, ಕಟಕ್ ಅಂತ ಸದ್ದಾಯಿತು.

ಹಿಡಿ ಅವಳ ಕೈಗೇ ಕಿತ್ತು ಬಂದಿತ್ತು.

ಕತ್ತಲೆಗೆ ನಾನು ಅಷ್ಟು ಹೆದರಲಿಲ್ಲ. ತಳದಲ್ಲಿ ತುಕ್ಕು ತಿಂದ ತೂತಿತ್ತು, ಗಾಳಿ ಬೆಳಕು ಬರುತ್ತಿತ್ತು. ನನ್ನ ಭಯವೇ ಬೇರೆ. ನಿಲ್ಲಿಸುವವರಿಲ್ಲದೆ ಯಂತ್ರ ಓಡುತ್ತಲೇ ಇದೆ. ಎಲ್ಲುಂಡಿ ದಾಟಿ ಮುಂದೆ ಹೋಗ್ತಾ ಇದ್ದೀನಿ. ಅಮ್ಮ ಬಂದು, ನನ್ನನ್ನು ಹುಡುಕಿ, ಕಾಣದೆ ವಾಪಸ್ ಹೋಗಿಬಿಟ್ಟಿದ್ದರೆ? ಬಾಗಿಲಿಗೆ ಎರಡೂ ಕೈಯಲ್ಲಿ ಗುದ್ದಿದೆ.

"ಹಿಂದಕ್ಕೆ ತಿರುಗ್ಸೇ ರಜನಿ, ಹಿಂದಕ್ಕೆ ತಿರುಗ್ಸೇ."

"ಹಿಡಿ ಕೈಗೇ ಬಂದ್ಬಿಡ್ತು ಕಣೇ" ಅಂತ ಅವಳೂ ಹೊರಗೆ ಅಳುತ್ತಿದ್ದಳು.

ಅವ್ವ ಹಾರೆ ತಂದು ಬಾಗಿಲು ಮೀಟಿದರು. ಇಪ್ಪತ್ತು ನಿಮಿಷ ಆಗಿತ್ತಂತೆ. ನಾನು ಬೆವರಲ್ಲಿ ತೊಯ್ದು, ತಲೆಯೆಲ್ಲ ಹುಲ್ಲು ಮಾಡಿಕೊಂಡು ಹೊರಬಂದವಳು ಮೊದಲು ಕೇಳಿದ್ದು ಎಲ್ಲುಂಡಿ ಬಂತಾ ಅಂತ. ಬೈಯುವುದಕ್ಕೆ ಬಾಯಿ ತೆರೆದಿದ್ದ ಅವ್ವ ಹಾರೆ ಕೆಳಗಿಟ್ಟು, ನನ್ನೆದುರು ಕುಕ್ಕರಗಾಲಲ್ಲಿ ಕೂತರು. ಅಲ್ಲಿಯ ತನಕ ನನ್ನ ಹತ್ತಿರ ಕನ್ನಡ ಆಡದವರು, ತಡವರಿಸುತ್ತಾ ಆಡಿದರು.

"ಯಾವಾಗ್ ಬರ್ತಾಳೋ ನಂಗೂ ಗೊತ್ತಿಲ್ಲ ಮಗಾ."

ಅವತ್ತಿಂದ ನಾನು ಕೇಳಲೂ ಇಲ್ಲ, ಅವರು ಎಲ್ಲುಂಡಿ ಅನ್ನಲೂ ಇಲ್ಲ. ಇಬ್ಬರೂ ಸಂಜೆ ಬೇಲಿಯ ಹತ್ತಿರ ಕೂತು ಬಸ್ಸು ನೋಡುತ್ತಿದ್ದೆವು. ಮಾವಿನ ಕಾಲ ಮುಗಿಯುವ ಹೊತ್ತಿಗೆ ಅಮ್ಮ ಬಂದಳು. ಅರ್ಧಕ್ಕರ್ಧ ಇಳಿದುಹೋಗಿದ್ದಳು, ಬಳೆ ಮೊಣಕೈವರೆಗೆ ಜಾರುತ್ತಿತ್ತು. ನನ್ನ ಗಲ್ಲ ಹಿಡಿದು ಮೊದಲು ಕೇಳಿದ್ದು ಊಟ ಮಾಡಿದ್ಯಾ ಅಂತ. ಅಡುಗೆಮನೇಲಿ ಅಂದೆ. ಅವತ್ತು ನಾನೂ ನಕ್ಕೆ.

ಈಗ ಅವ್ವ ಇಲ್ಲ. ಬೀರು ಗುಜರಿಗೆ ಹೋಯಿತು. ಕಾಯಿಗೆ ಪುಡಿ ಹಾಕಿ ಬೆಳಗಾಗುವುದರೊಳಗೆ ಹಣ್ಣು ಮಾಡುತ್ತಾರೆ, ಅದಕ್ಕೆ ಆ ವಾಸನೆಯೂ ಇಲ್ಲ. ಹೋದ ವರ್ಷ ಅಮ್ಮನನ್ನು ಮತ್ತೆ ಕೋಲಾರದ ಆಸ್ಪತ್ರೆಗೆ ಸೇರಿಸಿದೆವು. ಅಜ್ಜಿ ಯಾವಾಗ ಬರ್ತಾಳೆ ಅಂತ ನನ್ನ ಮಗಳು ದಿನಾ ಕೇಳುತ್ತಿದ್ದಳು. ನಾಡಿದ್ದು ಅನ್ನುತ್ತಿದ್ದೆ. ಅವ್ವನಿಗಿದ್ದ ಧೈರ್ಯ ನನಗೆ ಕೊನೆಗೂ ಬರಲಿಲ್ಲ. ಅಮ್ಮನೂ ಬರಲಿಲ್ಲ.

ತಿಥಿ ಮುಗಿದ ಮಾರನೇ ದಿನ ರಜನಿ ಫೋನ್ ಮಾಡಿದಳು. ಏನು ಮಾತಾಡಬೇಕೋ ತಿಳಿಯದೆ, ಹಿಂದಕ್ಕೆ ತಿರುಗ್ಸೇ ಅಂದೆ.

"ಹಿಡಿ ಆವತ್ತೇ ಕೈಗೆ ಬಂದ್ಬಿಡ್ತಲ್ಲೇ" ಅಂದಳು.