ಸ್ಕೂಟರುಗಳ ನಡುವೆ ಮುಗಿದ ರೇಸು

ನನ್ನ ರೂಮ್‌ಮೇಟ್ ಸೈಕಲ್ ತುಳಿದು ಸಂಬಳ ತೆಗೆದುಕೊಳ್ಳುವವನು. ನಾನು ಹಾಲಿನ ಬೂತಿಗೂ ಸ್ಕೂಟರಿನಲ್ಲಿ ಹೋಗುವವನು. ಬೆಂಗಳೂರಿನ ಬಿಟಿಎಂ ಬಡಾವಣೆಯ ಒಂದೇ ಕೋಣೆಯಲ್ಲಿ ಹೇಗೋ ಹೊಂದಿಕೊಂಡಿದ್ದೆವು.

ಅವನು ವಿಜಯಪುರದ ಕಡೆಯವನು. ಸೈಕಲ್ ರೇಸಿನ ತಂಡದಲ್ಲಿ ಅವನದು ಗೆಲ್ಲುವ ಕೆಲಸವಲ್ಲ. ನಾಯಕನ ಮುಂದೆ ತುಳಿಯುತ್ತ ಗಾಳಿ ತಡೆಯಬೇಕು, ನೀರು ತಂದುಕೊಡಬೇಕು, ಕಾಲು ಸೋತಾಗ ಅರ್ಧ ದಾರಿಯಲ್ಲೇ ಇಳಿದುಬಿಡಬೇಕು. ಹೀಗಾಗಿ ಎರಡು ವರ್ಷದಲ್ಲಿ ಒಂದು ರೇಸನ್ನೂ ಮುಗಿಸಿರಲಿಲ್ಲ. ಆ ಭಾನುವಾರದ್ದನ್ನು ಮಾತ್ರ ಮುಗಿಸಲೇಬೇಕಿತ್ತು; ಅವನ ಅವ್ವ ಮೊದಲ ಸಲ ನೋಡಲು ಬಂದಿದ್ದರು.

ರೇಸು ಮುಗಿಯುವ ಗೆರೆ ಪುಟ್ಟೇನಹಳ್ಳಿ ಕೆರೆಯ ಹತ್ತಿರ. ಅಲ್ಲಿ ಮೈಕು ಹಿಡಿದು ನಿಂತವನು ನಾನು. ನನ್ನ ಬಾಯಿ ಹೇಗೂ ಸುಮ್ಮನಿರುವುದಿಲ್ಲವೆಂದು ಅವನೇ ಶಿಫಾರಸು ಮಾಡಿದ್ದ.

ಹತ್ತು ಗಂಟೆಗೆ ಅವನ ನಾಯಕ ಎರಡನೆಯವನಾಗಿ ಬಂದ. ಇವನಿಲ್ಲ. ದಾರಿಯಲ್ಲಿ ನಾಯಕನ ಚಕ್ರ ಪಂಕ್ಚರ್ ಆದಾಗ ಇವನು ತನ್ನದನ್ನು ಬಿಚ್ಚಿಕೊಟ್ಟು, ತಂಡದ ಕಾರಿಗಾಗಿ ರಸ್ತೆ ಬದಿಯಲ್ಲಿ ಕಾದು ನಿಂತಿದ್ದನಂತೆ. ಅವರಲ್ಲಿ ಅದೇ ಪದ್ಧತಿ. ಅವ್ವನಿಗೆ ವಿವರಿಸಿದೆ.

“ತನ್ನ ಗಾಲಿನ ಕೊಟ್ನಾ? ಹುಚ್ಚಪ್ಪ,” ಎಂದರು. “ಸಣ್ಣಾಂವಿದ್ದಾಗೂ ಹಿಂಗ. ಯಾರಿಗರೆ ಚಪ್ಪಲಿ ಕೊಟ್ಟು ಬರಿಗಾಲಾಗ ಮನಿಗೆ ಬರ್ತಿದ್ದ.”

ರೇಸಿಗಾಗಿ ರಸ್ತೆ ಬಂದ್ ಮಾಡಿಸಿ ನಿಂತಿದ್ದ ಟ್ರಾಫಿಕ್ ಪೊಲೀಸ್ ಸಾಹೇಬರು ಗಡಿಯಾರ ನೋಡಿದರು. “ಹತ್ತೂ ಮುಕ್ಕಾಲಿಗೆ ರಸ್ತೆ ಬಿಡ್ತೀನಿ. ಆಮೇಲೆ ಬಂದ್ರೆ ಅದು ರೇಸಲ್ಲ, ಟ್ರಾಫಿಕ್ಕು.”

“ಸಾರ್, ಇನ್ನೊಬ್ಬ ಇದಾನೆ ಸಾರ್. ಅವ್ರಮ್ಮ ಬಂದಿದಾರೆ.”

“ಎಲ್ರಿಗೂ ಅಮ್ಮ ಇರ್ತಾರೆ ಗುರು.” ಆದರೂ ಅವ್ವನ ಕಡೆ ಒಮ್ಮೆ ನೋಡಿ, ಹತ್ತು ನಿಮಿಷ ಹೆಚ್ಚು ಕೊಟ್ಟರು.

ಜನ ಚದುರತೊಡಗಿದರು. ಅವನು ಬರುವ ಹೊತ್ತಿಗೆ ಚಪ್ಪಾಳೆ ತಟ್ಟಲು ಯಾರಾದರೂ ಇರಲೆಂದು ಮಿಮಿಕ್ರಿ ಶುರುಮಾಡಿದೆ: ಬಸ್ ಕಂಡಕ್ಟರ್, ನಮ್ಮ ಓನರ್ ಆಂಟಿ, ಮೂರನೇ ಮಹಡಿಗೆ ಹತ್ತಿ ಏದುಸಿರು ಬಿಡುವ ನಾನು. ಜನ ನಕ್ಕರು, ನಿಂತರು. ಜನ ನಕ್ಕರೆ ನನಗೆ ಬುದ್ಧಿ ನೆಟ್ಟಗಿರುವುದಿಲ್ಲ. ಸಾಹೇಬರ ದನಿಯನ್ನೂ ತೆಗೆದೆ: “ಏಯ್, ಬಿಡ್ರೀ ಗಾಡಿ! ಬೇಗ ಬೇಗ, ಮುಂದೆ ಹೋಗಿ!”

ತುಂಬ ಚೆನ್ನಾಗಿ ಬಂತು. ಅಡ್ಡರಸ್ತೆಯಲ್ಲಿ ಬೆಳಿಗ್ಗೆಯಿಂದ ಕಾದಿದ್ದ ಸ್ಕೂಟರಿನವರು ಸ್ಪೀಕರಿನಲ್ಲಿ ಅದನ್ನು ಕೇಳಿ, ಬ್ಯಾರಿಕೇಡ್ ಪಕ್ಕಕ್ಕೆ ತಳ್ಳಿ ಒಳಗೆ ನುಗ್ಗಿದರು.

“ನಾನೆಲ್ಲಯ್ಯಾ ಹೇಳ್ದೆ!” ಎಂದು ಸಾಹೇಬರು ಕೂಗಿಕೊಂಡರು. ಆ ದನಿ ನಾನು ಮಾಡಿದಷ್ಟು ಚೆನ್ನಾಗಿರಲಿಲ್ಲ.

ಆಗಲೇ ತಿರುವಿನಲ್ಲಿ ಅವನ ಹಳದಿ ಹೆಲ್ಮೆಟ್ ಕಂಡಿತು. ಸಾಹೇಬರು ಸೀಟಿ ಊದುತ್ತ ರಸ್ತೆಯ ಮಧ್ಯಕ್ಕೆ ಓಡಿ, ಎರಡೂ ಕೈ ಚಾಚಿ ಸ್ಕೂಟರುಗಳನ್ನು ಒಂದು ಪಕ್ಕಕ್ಕೆ ಒತ್ತಿಸಿದರು. ಕಾಲ ಬಳಿ ಸೊಪ್ಪಿನ ಚೀಲ ಇಟ್ಟುಕೊಂಡಿದ್ದ ಅಂಕಲ್ ಒಬ್ಬರು ಮಾತ್ರ ಕೇಳಲಿಲ್ಲ. “ತುಳಿ ಮಗಾ, ತುಳಿ!” ಎನ್ನುತ್ತ ಅವನ ಜೊತೆಗೇ ಬಂದರು. ಗೆರೆ ದಾಟುವಾಗ ಇವನು ಅವರಿಗಿಂತ ಒಂದು ಗಾಲಿ ಮುಂದಿದ್ದ. ತೀರ್ಪುಗಾರರು ಕೊನೆಯವನಾಗಿ ಅವನ ನಂಬರ್ ಬರೆದುಕೊಂಡರು. ಮೈಕಿನಲ್ಲಿ ಆ ನಂಬರನ್ನು ನನ್ನ ಸ್ವಂತ ದನಿಯಲ್ಲೇ ಕೂಗಿದೆ.

ಅವ್ವ ಸೆರಗಿನಿಂದ ಅವನ ಮುಖ ಒರೆಸಿದರು. “ಗಾಡ್ಯಾವ್ರನ್ನೂ ಹಿಂದ ಹಾಕಿದೆಲ್ಲೋ!”

“ಹೂಂ ಅವ್ವ,” ಎಂದ. ತಿದ್ದಲಿಲ್ಲ. ಆಮೇಲೆ ನನ್ನ ಕಡೆ ತಿರುಗಿ, “ಲೇ, ಗಾಡಿ ಬಿಡಿಸಿದಾಂವ ಯಾರಲೇ?”

ಸಾಹೇಬರು ನನ್ನ ಹಿಂದೆಯೇ ನಿಂತಿದ್ದರು. “ನೀವೇ ಹೇಳಿ ಸಾರ್,” ಎಂದು ಮೈಕನ್ನು ಅವರ ಕೈಗೆ ಕೊಟ್ಟುಬಿಟ್ಟೆ.