ಬೆನ್ನು ತಿರುಗಿಸಿ ಕೂತ ಐವತ್ತು ನಿಮಿಷ

ಗಂಡ ಹೆಣವಾಗಿ ಮಲಗುವುದನ್ನು ಹೆಂಡತಿ ನೋಡಬಾರದು ಎಂದು ನನಗೆ ಯಾರೂ ಹೇಳಿಕೊಟ್ಟಿರಲಿಲ್ಲ. ಮೈಸೂರಿನಲ್ಲಿ ನರ್ಸಿಂಗ್ ಓದಿ, ನ್ಯೂಜಿಲೆಂಡಿನ ಡನೀಡಿನ್‌ನ ಆಸ್ಪತ್ರೆಯೊಂದರಲ್ಲಿ ಹನ್ನೆರಡು ವರ್ಷ ದುಡಿದು, ಎಷ್ಟೋ ಜನರ ಕಣ್ಣು ಮುಚ್ಚಿದ ಕೈ ನನ್ನದು. ಇಂಥ ಮಾತಿಗೆಲ್ಲ ನಗುವವಳು ನಾನು. ಆದರೂ ಇಲ್ಲಿನ ಕಡು ಚಳಿಗಾಲವಾದ ಜುಲೈ ತಿಂಗಳ ಆ ಶನಿವಾರ ಇವರು ಹೆಣದ ಪಾತ್ರ ಒಪ್ಪಿಕೊಂಡು ಬಂದಾಗ ನನಗೆ ನಗು ಬರಲಿಲ್ಲ.

ಅದೊಂದು ಕೌಬಾಯ್ ಸಿನಿಮಾ. ನನ್ನ ವಾರ್ಡಿನ ಸಹೋದ್ಯೋಗಿಯ ತಂಗಿ ಅದರ ನಿರ್ದೇಶಕಿ. ಅಮೆರಿಕದ ಬಯಲಿನಲ್ಲಿ ಒಂಟಿಮನೆ ಕಟ್ಟಿಕೊಂಡ ಅಪ್ಪ, ಅಮ್ಮ, ಇಬ್ಬರು ಹೆಣ್ಣುಮಕ್ಕಳ ಕಥೆ. ತೊರೆಯ ಪಕ್ಕ ಸತ್ತುಬಿದ್ದ ಅಪರಿಚಿತನೊಬ್ಬನ ಬೂಟು ಬಿಚ್ಚಿಕೊಂಡು, ಅವಸರವಸರವಾಗಿ ಅವನನ್ನು ಹೂತುಬಿಡುತ್ತಾರೆ. ಅಲ್ಲಿಂದ ಆ ಸಂಸಾರಕ್ಕೆ ಶನಿ ಹಿಡಿಯುತ್ತದೆ. ಅಮೆರಿಕಕ್ಕೆ ಹೋಗುವಷ್ಟು ದುಡ್ಡು ಆ ಸಿನಿಮಾಕ್ಕೆ ಇರಲಿಲ್ಲ. ಡನೀಡಿನ್‌ನಿಂದ ಎರಡು ಗಂಟೆ ದಾರಿಯ ಒಳನಾಡಿನ ಬೋಳುಗುಡ್ಡಗಳ ಸೀಮೆಯನ್ನೇ ಅಮೆರಿಕ ಎಂದು ತೋರಿಸಿದರು. ಮನೆಗೆ ಮುಂದಿನ ಗೋಡೆ ಮಾತ್ರ, ಹಿಂದೆ ಆನಿಸಿ ನಿಲ್ಲಿಸಿದ ಮರದ ತುಂಡುಗಳು. ಎರಡು ಕುದುರೆಗಳನ್ನು ಪಕ್ಕದ ಫಾರ್ಮಿನವನು ಕೊಟ್ಟಿದ್ದ. ಇದ್ದ ಹತ್ತು ಹನ್ನೊಂದು ಜನರೇ ಎಲ್ಲ ಕೆಲಸವನ್ನೂ ಹಂಚಿಕೊಂಡಿದ್ದರು. ಯಾರಿಗಾದರೂ ಪೆಟ್ಟಾದರೆ ನೋಡಿಕೊಳ್ಳಲು ಒಬ್ಬಳು ನರ್ಸ್ ಬೇಕಿತ್ತು, ನಾನು ಹೋದೆ. ವಾರವೆಲ್ಲ ಕಂಪ್ಯೂಟರ್ ಮುಂದೆ ಕೂರುವ ನನ್ನ ಗಂಡ, ಶೂಟಿಂಗ್ ನೋಡುವ ಆಸೆಯಿಂದ ಜೊತೆಗೆ ಬಂದರು.

ಹೆಣವಾಗಬೇಕಿದ್ದ ನಟನಿಗೆ ಜ್ವರ ಬಂದಿತ್ತು. ಇವರು ಹಿಂದೆಮುಂದೆ ನೋಡದೆ, ನಾನಿದ್ದೇನಲ್ಲ ಎಂದುಬಿಟ್ಟರು.

“ಸುಮ್ಮನೆ ಮಲಗೋದು ತಾನೇ? ಭಾನುವಾರ ನಾನು ಮಾಡೋದು ಅದೇ ಕಣೇ” ಎಂದು ನಕ್ಕರು.

“ರೀ, ಎದ್ದು ಬರೋವಾಗ ದೃಷ್ಟಿ ತೆಗೀಬೇಕು. ನಮ್ಮೂರ ಶೂಟಿಂಗಲ್ಲಾದ್ರೆ ಕುಂಬಳಕಾಯಿ ಒಡೀತಾರೆ.”

“ಇಲ್ಲಿ ಬೂದುಗುಂಬಳ ಎಲ್ಲಿಂದ ತರ್ತೀಯ? ಕ್ಯಾರೆಟ್ ಇದೆ, ಅದನ್ನೇ ನಿವಾಳಿಸು.”

ನನಗೆ ರೇಗಿತು. “ಏನಾದ್ರೂ ಮಾಡ್ಕೊಳ್ಳಿ, ನಾನಂತೂ ನೋಡಲ್ಲ” ಎಂದೆ. ಸಿಟ್ಟಿನಲ್ಲಿ ಆಡಿದ ಮಾತು ಅದು, ಆದರೆ ಅದನ್ನೇ ವ್ರತದ ಹಾಗೆ ಹಿಡಿದುಕೊಂಡೆ.

ನರ್ಸಾಗಿ ಮಾಡಬೇಕಾದ ಏರ್ಪಾಟುಗಳನ್ನೇನೋ ಮಾಡಿದೆ. ಹೂಳುವ ದೃಶ್ಯಕ್ಕೆಂದು ತೋಡಿದ ಗುಂಡಿಯಲ್ಲಿ ಹತ್ತು ನಿಮಿಷಕ್ಕಿಂತ ಹೆಚ್ಚು ಮಲಗಿಸಬಾರದು, ಆಮೇಲೆ ಕಾರಿನ ಹೀಟರ್ ಮುಂದೆ ಕೂರಿಸಬೇಕು, ತಡೆಯಲಾಗದಿದ್ದರೆ ಇವರು ಬಲಗೈಯ ತೋರುಬೆರಳು ಎತ್ತಬೇಕು ಎಂದು ಎಲ್ಲರ ಮುಂದೆ ಹೇಳಿದೆ. ನಿರ್ದೇಶಕಿ ತಲೆಯಾಡಿಸಿದಳು. ಅಷ್ಟು ಹೊತ್ತಿಗಾಗಲೇ ತೊರೆಯ ದಡದ ದೃಶ್ಯಕ್ಕೆಂದು ಇವರ ಹತ್ತಿ ಅಂಗಿಗೆ ನೀರು ಚಿಮುಕಿಸಿ, ಬರಿಗಾಲಲ್ಲಿ ಎರಡು ಗಂಟೆ ಬೀಳಿಸಿ ಏಳಿಸಿ ಮಾಡಿದ್ದರು. ಒಳಗೆ ಹಾಕಿದ್ದ ಬೆಚ್ಚಗಿನ ಥರ್ಮಲ್ ಬನಿಯನ್ ಕತ್ತಿನ ಹತ್ತಿರ ಕಾಣುತ್ತದೆಂದು ಅದನ್ನೂ ಬಿಚ್ಚಿಸಿದ್ದರು. ಗುಂಡಿಯ ತಳದಲ್ಲಿ ಜಿನುಗಿದ ನೀರಿನ ಮೇಲೆ ಮಂಜುಗಡ್ಡೆಯ ತೆಳುವಾದ ಪದರ ಕಟ್ಟಿತ್ತು. ಬೂಟಿನ ತುದಿಯಿಂದ ಅದನ್ನು ಒಡೆದು ನೋಡಿದವಳು ನಾನೇ. ಆದರೂ ಬೇಡ ಎನ್ನಲಿಲ್ಲ. ಅಷ್ಟು ಜನ ಕಾಯುತ್ತಿದ್ದರು, ನನಗೆ ಸಂಕೋಚ ಅಡ್ಡ ಬಂತು.

ಇವರು ಗುಂಡಿಗೆ ಇಳಿಯುತ್ತಿದ್ದ ಹಾಗೆ ನಾನು ಹೋಗಿ, ಅಲ್ಲೇ ನಿಂತಿದ್ದ, ಇಲ್ಲಿನವರು ಯೂಟ್ ಎನ್ನುವ ಪಿಕಪ್ ಗಾಡಿಯ ಹಿಂಭಾಗದ ತೆರೆದ ಹಲಗೆಯ ಮೇಲೆ ಅವರಿಗೆ ಬೆನ್ನು ಮಾಡಿ ಕೂತೆ. ಎದುರಿಗೆ ಹುಲ್ಲು ಸುಟ್ಟಂತಿದ್ದ ಗುಡ್ಡ, ಅದರ ಮೇಲೆ ಕುರಿಗಳು. ಕೈಯಲ್ಲಿ ಮೊಬೈಲಿನ ಟೈಮರ್. ಹಿಂದಿನಿಂದ ಸನಿಕೆಯ ಸದ್ದು, ಮಣ್ಣು ಉದುರುವ ಸದ್ದು, ತಾಯಿಯ ಪಾತ್ರದವಳು ಬಿಕ್ಕುವ ಸದ್ದು ಕೇಳಿಸುತ್ತಿದ್ದವು.

ಹತ್ತು ನಿಮಿಷಕ್ಕೆ ಟೈಮರ್ ಹೊಡೆದುಕೊಂಡಿತು. ತಿರುಗದೆಯೇ “ಟೈಮ್” ಎಂದು ಕೂಗಿದೆ. ಕುದುರೆ ಅಡ್ಡ ಬಂತು, ಇನ್ನೊಂದು ಟೇಕ್ ಎಂದರು. ನಡುವೆ ಇವರನ್ನು ಎಬ್ಬಿಸಿರಬೇಕು ಎಂದುಕೊಂಡೆ. ಎಬ್ಬಿಸಿರಲಿಲ್ಲ. ಎದ್ದರೆ ಮುಖದ ಮೇಲೆ ಉದುರಿಸಿದ ಮಣ್ಣು ಅಳಿಸಿಹೋಗುತ್ತದೆ, ಒಂದು ಟೇಕಿಗೂ ಇನ್ನೊಂದಕ್ಕೂ ತಾಳೆಯಾಗುವುದಿಲ್ಲ ಎಂಬುದು ಅವರ ಕೆಲಸದ ಲೆಕ್ಕ. ಮತ್ತೆ ಟೈಮರ್ ಒತ್ತಿದೆ, ಮತ್ತೆ ಹೊಡೆದುಕೊಂಡಿತು. ಬಿಸಿಲು ಹೋಯಿತು, ಮೋಡ ಸರಿಯಲಿ ಎಂದರು. ಹೀಗೆ ಐದು ಸಲ. ಒಂದು ಸಲ ಕತ್ತು ತಿರುಗಿಸಿದ್ದರೆ ಸಾಕಿತ್ತು. ತಿರುಗಿಸಿದರೇ ಕೆಟ್ಟದಾಗುತ್ತದೆ ಎನ್ನಿಸಿ, ಹಲ್ಲು ಕಚ್ಚಿಕೊಂಡು ಕುರಿಗಳನ್ನು ನೋಡುತ್ತಾ ಕೂತೆ.

ಕೊನೆಗೆ ನಿರ್ದೇಶಕಿಯ ದನಿ ಕೇಳಿಸಿತು. ಕ್ಯಾಮೆರಾದವನಿಗೆ ಹೇಳುತ್ತಿದ್ದಳು: “ಈಗ ಸರಿಯಾಯಿತು, ನಡುಕ ನಿಂತಿದೆ. ಬೇಗ ತೆಗೆದುಬಿಡೋಣ.”

ಅವಳಿಗೆ ಅದು ಒಳ್ಳೆಯ ಸುದ್ದಿ. ಚಳಿಗೆ ಸಿಕ್ಕ ಮೈ ನಡುಗುವುದನ್ನು ನಿಲ್ಲಿಸಿತು ಎಂದರೆ ಅದು ಸಾವಿನ ಕಡೆ ಜಾರುತ್ತಿದೆ ಎಂದು ಅಲ್ಲಿ ಗೊತ್ತಿದ್ದವಳು ನಾನೊಬ್ಬಳೇ. ಟೈಮರ್ ಎಲ್ಲಿ ಬಿತ್ತೋ, ಗುಂಡಿಗೆ ಹೇಗೆ ಇಳಿದೆನೋ ನೆನಪಿಲ್ಲ. ಇವರ ತುಟಿ ಸೀಸದ ಬಣ್ಣಕ್ಕೆ ತಿರುಗಿತ್ತು. ಕಣ್ಣು ಅರೆ ತೆರೆದಿತ್ತು, ರೆಪ್ಪೆಯ ಮೇಲೆ ಮಣ್ಣು. ಹೆಸರು ಹಿಡಿದು ಕೂಗಿದೆ. ಹದಿನೇಳು ವರ್ಷಗಳಲ್ಲಿ ನಾನು ಅವರ ಹೆಸರು ಹಿಡಿದದ್ದು ಅದೇ ಮೊದಲು. ಉತ್ತರ ಬರಲಿಲ್ಲ. ನಾಡಿ ಮಾತ್ರ ನಿಧಾನವಾಗಿ ಇತ್ತು.

ಒದ್ದೆ ಬಟ್ಟೆ ಕತ್ತರಿಸಿದೆವು. ಮಲಗಿದ ಹಾಗೇ ಮೇಲೆತ್ತಿ, ಇದ್ದಬದ್ದ ಕಂಬಳಿ, ಕೋಟುಗಳನ್ನೆಲ್ಲ ಸುತ್ತಿದೆವು. ಆಂಬುಲೆನ್ಸ್ ಬರುವ ತನಕ ಕಾರಿನ ಹಿಂದಿನ ಸೀಟಿನಲ್ಲಿ ಅವರನ್ನು ತಬ್ಬಿಕೊಂಡು, ಉಸಿರು ಎಣಿಸುತ್ತಾ ಕೂತೆ. ನಿರ್ದೇಶಕಿ ಬಾಗಿಲ ಬಳಿ ಅಳುತ್ತಾ ನಿಂತಿದ್ದಳು. “ಪ್ರತಿ ಟೇಕಿಗೂ ನಿಮ್ಮ ಕಡೆ ನೋಡಿದೆ. ನೀವು ಏಳಲಿಲ್ಲ. ಅದಕ್ಕೇ ಪರವಾಗಿಲ್ಲ ಅಂದುಕೊಂಡೆ” ಎಂದಳು. ನಾನು ಕಂಬಳಿಯನ್ನು ಇವರ ಕತ್ತಿನವರೆಗೆ ಎಳೆದು, ಉಸಿರನ್ನು ಮತ್ತೆ ಒಂದರಿಂದ ಎಣಿಸತೊಡಗಿದೆ.

ಇವರು ಉಳಿದರು. ಎರಡನೆಯ ದಿನ ಆಸ್ಪತ್ರೆಯ ಹಾಸಿಗೆಯಲ್ಲಿ ಸೂಪ್ ಕುಡಿಯುತ್ತಿದ್ದಾಗ ಕೇಳಿದೆ: “ಬೆರಳು ಯಾಕೆ ಎತ್ತಲಿಲ್ಲ?”

“ಎತ್ತೋಣ ಅನ್ನಿಸಿತ್ತು ಕಣೇ. ಆಮೇಲೆ ಯೋಚಿಸ್ದೆ, ನೀನು ನೋಡ್ತಾನೇ ಇದೀಯಲ್ಲ, ಹೆಚ್ಚುಕಮ್ಮಿ ಆದ್ರೆ ನೀನೇ ನಿಲ್ಲಿಸ್ತೀಯ ಅಂತ. ಹಾಗೇ ನಿದ್ದೆ ಬಂದಂಗಾಯ್ತು.”

ಮುಖದ ಮೇಲೆ ಮಣ್ಣು ಹೊತ್ತು ಮಲಗಿದ್ದವರಿಗೆ ನನ್ನ ಬೆನ್ನು ಕಂಡಿರಲಿಲ್ಲ. ನಾನು ಸೂಪಿನ ಬಟ್ಟಲು ತೆಗೆದುಕೊಂಡು ತೊಳೆಯಲು ಹೋದೆ.

ಮರುವರ್ಷ ಸಿನಿಮಾವನ್ನು ಒಂದು ಚಿಕ್ಕ ಹಾಲಿನಲ್ಲಿ ತೋರಿಸಿದರು. ಆ ದೃಶ್ಯ ಬಂದಾಗ ನಾನು ರೆಪ್ಪೆ ಬಡಿಯದೆ ನೋಡಿದೆ. ಎಷ್ಟು ಸಹಜವಾಗಿ ಮಾಡಿದ್ದಾನೆ ಎಂದು ಹಿಂದಿನ ಸಾಲಿನಲ್ಲಿ ಯಾರೋ ಮೆಚ್ಚಿಕೊಂಡರು. ಅದು ನಾನು ಗುಂಡಿಗೆ ಇಳಿಯುವ ಮೊದಲು ಕ್ಯಾಮೆರಾ ಹಿಡಿದ ಕೊನೆಯ ಕ್ಷಣಗಳು, ಆ ಹೊತ್ತಿಗೆ ಇವರು ಏನನ್ನೂ ಮಾಡುತ್ತಿರಲಿಲ್ಲ ಎಂದು ಅವರಿಗೆ ಹೇಗೆ ಗೊತ್ತಾಗಬೇಕು.

ಈಗಲೂ ಕನ್ನಡದವರು ನಾಲ್ಕು ಜನ ಊಟಕ್ಕೆ ಸೇರಿದರೆ ಇವರು ಆ ಕಥೆ ತೆಗೆಯುತ್ತಾರೆ. “ನಂಗೇನ್ ಭಯ? ಪಕ್ಕದಲ್ಲೇ ನರ್ಸು, ಅದೂ ಕಟ್ಕೊಂಡೋಳು. ಕಣ್ಣು ಕೀಳದೆ ನೋಡ್ತಾ ಇದ್ಲು” ಎನ್ನುತ್ತಾರೆ. ಬಂದವರು ಪುಣ್ಯ ಮಾಡಿದ್ದೀರಿ ಎನ್ನುತ್ತಾರೆ. ನಾನು ಎದ್ದು ಸಾರು ಬಿಸಿ ಮಾಡಲು ಹೋಗುತ್ತೇನೆ. ಇದನ್ನು ಅಚ್ಚಿಗೆ ಕೊಡುವ ಮೊದಲು ಇವರ ಕೈಗೆ ಕೊಡಬೇಕು ಎಂದು ಬರೆದಿಟ್ಟು ಮೂರು ವಾರವಾಯಿತು. ಇನ್ನೂ ಕೊಟ್ಟಿಲ್ಲ.